ಸಕ್ಕರೆ ಬಟ್ಟಲಿನ ಹಕ್ಕಿ

ನಾನು ಬೆಳ್ಳಿಯ ಸಾಮಾನು ಏನೇ ತಂದುಕೊಟ್ಟರೂ ಅಮ್ಮ ಮೊದಲು ಕೇಳುವುದು ಹುಣಿಸೇಹಣ್ಣು. ಅದನ್ನು ಬಿಸಿನೀರಿನಲ್ಲಿ ನೆನೆಸಿ, ತೆಂಗಿನ ನಾರಿಗೆ ಮೆತ್ತಿ, ಸಿಂಕಿನ ಮುಂದೆ ನಿಂತು, ನಾನು ನೋಡುತ್ತಿರುವಂತೆಯೇ ಗಸಗಸ ಉಜ್ಜುತ್ತಾಳೆ. ವೆಸ್ಟ್ ವಿಂಡ್ಸರಿನ ಅವಳ ಗೆಳತಿಯರು ಇದನ್ನು ಮಡಿ ಎಂದುಕೊಂಡಿದ್ದಾರೆ. ಎಂಬತ್ತು ದಾಟಿದವರ ಹಟ ಎಂದು ನನ್ನ ಗಂಡ ನಗುತ್ತಾನೆ. ನನಗೆ ನಗು ಬರುವುದಿಲ್ಲ. ಬೇರೆಯವರು ತಂದ ಬೆಳ್ಳಿಯನ್ನು ಅವಳು ಬರೀ ನೀರಲ್ಲಿ ಜಾಲಿಸಿ ದೇವರ ಗೂಡಿನಲ್ಲಿ ಇಡುವುದನ್ನು ನಾನು ಎಷ್ಟೋ ಸಲ ಕಂಡಿದ್ದೇನೆ. ಉಜ್ಜಿಸಿಕೊಳ್ಳುವುದು ನಾನು ತಂದದ್ದು ಮಾತ್ರ. ನ್ಯೂಯಾರ್ಕಿನಲ್ಲಿ ಹಳೆಯ ವಸ್ತುಗಳನ್ನು ಪರೀಕ್ಷೆ ಮಾಡುವುದು ನನ್ನ ಕಸುಬು. ಯಾವುದು ಅಸಲಿ, ಯಾವುದು ನಕಲಿ ಎಂದು ದೊಡ್ಡ ದೊಡ್ಡ ಮನೆತನದವರು ನನ್ನನ್ನು ಕೇಳುತ್ತಾರೆ, ನಾನು ಹೇಳಿದ್ದನ್ನು ನಂಬುತ್ತಾರೆ. ಹೆತ್ತವಳು ನಂಬುವುದಿಲ್ಲ. ಅದಕ್ಕೆ ಕಾರಣವಿದೆ. ನನಗೆ ಒಂಬತ್ತು ವರ್ಷವಾಗಿದ್ದಾಗ ನಾವಿದ್ದ ಮನೆಗೆ ಹೋಗದೆ ಆ ಕಾರಣವನ್ನು ಹೇಳುವಂತಿಲ್ಲ.

ಮನೆ ನಮ್ಮದಲ್ಲ. ಮಾರಿಸ್‌ಟೌನಿನ ಆಚೆ, ರಸ್ತೆಗೆ ಕಾಣದ ಹಾಗೆ ಮರಗಳ ಹಿಂದೆ ನಿಂತಿದ್ದ ಆ ದೊಡ್ಡ ಮನೆ ಮಿಸ್ಟರ್ ಪೆಂಡ್ರಿ ಎಂಬ ಬ್ಯಾಂಕಿನವರದು. ಅವರ ಅಪ್ಪ, ಅಜ್ಜ, ಮುತ್ತಜ್ಜ ಎಲ್ಲರೂ ಬ್ಯಾಂಕಿನವರೇ. ಊಟದ ಕೋಣೆಯ ಗೋಡೆಯ ಮೇಲೆ ಎಲ್ಲರೂ ಒಂದೇ ಮೂಗು ಹೊತ್ತು, ಸಾಲಾಗಿ ಚಿತ್ರಗಳಲ್ಲಿ ಕೂತಿದ್ದರು. ನಾವಿದ್ದದ್ದು ಹಿತ್ತಲಿನ ಗ್ಯಾರೇಜಿನ ಮೇಲಿನ ಎರಡು ಕೋಣೆಗಳಲ್ಲಿ. ಅಪ್ಪ ಮೈಸೂರಿನಲ್ಲಿ ಓದಿದ ಮೆಕ್ಯಾನಿಕಲ್ ಇಂಜಿನಿಯರ್. ಕರೆಸಿಕೊಂಡ ಕಂಪನಿ ಬಾಗಿಲು ಹಾಕಿದಾಗ ಸಿಕ್ಕ ಕೆಲಸ ಮಾಡುತ್ತಾ, ಒಂದು ದಿನ ಪೆಂಡ್ರಿಯವರ ಬಾಯ್ಲರ್ ರಿಪೇರಿಗೆ ಹೋದವರು ಅಲ್ಲೇ ನೆಲೆಯಾದರು. ಬಾಡಿಗೆ ಇಲ್ಲ. ಬದಲಿಗೆ ಅಪ್ಪ ಬಾಯ್ಲರು, ಕೊಳಾಯಿ, ಸೋರುವ ಛಾವಣಿ ನೋಡಿಕೊಳ್ಳಬೇಕು, ಅಮ್ಮ ದೊಡ್ಡ ಮನೆಗೆ ಮಧ್ಯಾಹ್ನದ ಊಟ ಕೊಡಬೇಕು. ಪೆಂಡ್ರಿಯವರಿಗೆ ಹೊಟ್ಟೆಹುಣ್ಣು. ಡಾಕ್ಟರು ಖಾರ, ಹುಳಿ, ಮಾಂಸ ಎಲ್ಲ ಬಿಡಿಸಿದ್ದರು. ಅಮ್ಮ ಒಗ್ಗರಣೆಯಿಲ್ಲದ ಮೊಸರನ್ನ ಕಲಸಿ ಕಳಿಸುವಳು. ಬಂಗಾರದ ಗೆರೆಯ ಪಿಂಗಾಣಿ ತಟ್ಟೆಯಲ್ಲಿ ಅದನ್ನು ಹಾಕಿಕೊಂಡು, ಎದೆಗೆ ನ್ಯಾಪ್ಕಿನ್ ಸಿಕ್ಕಿಸಿಕೊಂಡು, ಉದ್ದನೆಯ ಮೇಜಿನ ತುದಿಯಲ್ಲಿ ಒಬ್ಬರೇ ಕೂತು, ಫೋರ್ಕಿನಲ್ಲಿ ತಿನ್ನುತ್ತಿದ್ದರು. ಅಷ್ಟು ದೊಡ್ಡ ಮನುಷ್ಯ ಮೊಸರನ್ನ ತಿನ್ನುವುದನ್ನು ನೋಡಿ ನನಗೆ ಅವರ ಮೇಲೆ ಒಂದು ಥರದ ಅಕ್ಕರೆ ಹುಟ್ಟಿತ್ತು.

ಅಮ್ಮನಿಗೆ ಅಕ್ಕರೆಯೂ ಇಲ್ಲ, ಸಕ್ಕರೆಯೂ ಇಲ್ಲ, ಮೊದಲ ದಿನದಿಂದಲೇ ಅನುಮಾನ. ಅವರ ಅಂಗಿಯ ಕಾಲರು ಸವೆದು ದಾರ ಎದ್ದಿರುತ್ತಿತ್ತು. ಸ್ವೆಟರಿನ ಮೊಣಕೈಯಲ್ಲಿ ತೂತು. ಜನವರಿಯಲ್ಲೂ ಹೀಟರನ್ನು ಕೆಳಗಿಟ್ಟು ಮನೆಯೊಳಗೇ ಕೋಟು ಹಾಕಿಕೊಂಡು ಓಡಾಡುವರು. ಮೆಟ್ಟಿಲ ಬಳಿ ಗೋಡೆಯ ಕಾಗದದ ಮೇಲೆ ಎರಡು ಕಡೆ ಚೌಕಾಕಾರದ ಹೊಸ ಬಣ್ಣ ಎದ್ದು ಕಾಣುತ್ತಿತ್ತು. ಅಲ್ಲಿದ್ದ ಚಿತ್ರಗಳನ್ನು ಮ್ಯೂಸಿಯಮ್ಮಿಗೆ ಎರವಲು ಕೊಟ್ಟಿದ್ದೇನೆ ಎಂದು ಅವರು ಅಪ್ಪನಿಗೆ ಹೇಳಿದ್ದರಂತೆ. ಅಮ್ಮ ರಾತ್ರಿಯ ಪಲ್ಯಕ್ಕೆ ಬೀನ್ಸ್ ಸೋಸುತ್ತಾ ಇದನ್ನೆಲ್ಲ ಒಂದೊಂದಾಗಿ ಎತ್ತಿ ಆಡುವಳು.

“ದುಡ್ಡಿರೋರು ಹಿಂಗಿರ್ತಾರೇನ್ರೀ? ಏನೋ ಇದೆ ಇಲ್ಲಿ.”

“ಹಳೇ ಕುಳ ಕಣೆ. ಅವರಿಗೆ ಯಾರಿಗೂ ತೋರಿಸ್ಕೋಬೇಕಾಗಿಲ್ಲ. ನೀನು ಸುಮ್ನಿರು.”

ಅಪ್ಪನಿಗೆ ಯಾವುದನ್ನೂ ಕೆದಕುವುದು ಬೇಡ. ಬಾಡಿಗೆಯಿಲ್ಲದ ಮನೆ, ಮಗಳಿಗೆ ಒಳ್ಳೆಯ ಶಾಲೆ, ಇಷ್ಟು ಸಾಕಾಗಿತ್ತು. ಅಮ್ಮ ಸುಮ್ಮನಿರುವ ಪೈಕಿಯಲ್ಲ. ಹಾಗೆಂದು ಪೆಂಡ್ರಿಯವರೇನು ನಮ್ಮನ್ನು ಕಣ್ಣುಮುಚ್ಚಿ ನಂಬಿದ್ದರೆಂದಲ್ಲ. ಅವರು ವಿಸ್ಕಿ ಬಾಟಲಿಯ ಮೇಲೆ ಪೆನ್ಸಿಲಿನಲ್ಲಿ ಗೆರೆ ಎಳೆದಿಡುವುದನ್ನು ಅಮ್ಮ ಪತ್ತೆ ಮಾಡಿದ್ದಳು. ಜೀವಮಾನದಲ್ಲಿ ಹೆಂಡದ ವಾಸನೆ ಕಂಡರಾಗದ ಅಪ್ಪನ ಮೇಲೆ ಈ ಪಹರೆ! ಅಮ್ಮ ಮೂರು ದಿನ ಉರಿದುಕೊಂಡಳು. ಊಟದ ಕೋಣೆಯ ಗಾಜಿನ ಬೀರುವಿಗೆ ಸದಾ ಬೀಗ. ಕೀಲಿ ಅವರ ಗಡಿಯಾರದ ಸರಪಣಿಯಲ್ಲಿ. ಅವರು ನಮ್ಮನ್ನು ನೋಡುತ್ತಿದ್ದರು, ಅಮ್ಮ ಅವರನ್ನು ನೋಡುತ್ತಿದ್ದಳು. ನಡುವಿನ ಹುಲ್ಲುಹಾಸನ್ನು ದಾಟಿಕೊಂಡು ಊಟದ ಡಬ್ಬಿ ಹಿಡಿದು ಓಡಾಡುತ್ತಿದ್ದವಳು ನಾನು.

ಆ ಬೀರುವಿನಲ್ಲಿ ಬೆಳ್ಳಿಯ ಟೀ ಸೆಟ್ ಇತ್ತು. ಚಹಾದ ಕೆಟಲು, ಹಾಲಿನ ಜಗ್ಗು, ಸಕ್ಕರೆ ಬಟ್ಟಲು, ಅವನ್ನಿಡುವ ತಟ್ಟೆ. ಎಲ್ಲದರ ಮೇಲೂ ಮನೆತನದ ಗುರುತು ಕೆತ್ತಿತ್ತು, ಒಂಟಿಕಾಲಿನ ಮೇಲೆ ನಿಂತ ಒಂದು ಕೊಕ್ಕರೆ. ಶನಿವಾರ ಶನಿವಾರ ಪೆಂಡ್ರಿಯವರೇ ಬೀಗ ತೆಗೆದು ಮೆತ್ತನೆಯ ಬಟ್ಟೆಯಲ್ಲಿ ಅವನ್ನು ಒರೆಸುವರು. ಅವರ ಲೈಬ್ರರಿಯಲ್ಲಿ ಓದಲು ಬರುತ್ತಿದ್ದ ನನಗೆ ಮೊದಲ ಚಳಿಗಾಲದಲ್ಲಿಯೇ ಸಕ್ಕರೆ ಬಟ್ಟಲನ್ನು ಹಿಡಿದುಕೊಳ್ಳುವ ಭಾಗ್ಯ ಸಿಕ್ಕಿತು. ಚೆಂಬಿನ ಹಾಗೆ ಗುಂಡನೆಯ ಹೊಟ್ಟೆ, ಕಿರಿದಾದ ಕುತ್ತಿಗೆ, ಮೇಲೊಂದು ಮುಚ್ಚಳ. ಅದರ ಮೇಲಿನ ಕೊಕ್ಕರೆಯನ್ನು ತಲೆತಲಾಂತರದಿಂದ ಯಾರ‍್ಯಾರೋ ಹೆಬ್ಬೆರಳಿನಿಂದ ಸವರಿ ಸವರಿ ಕಣ್ಣೇ ಅಳಿಸಿಹೋಗಿತ್ತು. ನಾನೂ ಸವರಿದೆ. ಎಷ್ಟು ನುಣುಪು ಎಂದರೆ ಬೆರಳು ಜಾರಿಹೋಗುತ್ತಿತ್ತು. ಮನೆಗೆ ಓಡಿ ಬಂದು ಅಮ್ಮನಿಗೆ ವರದಿ ಒಪ್ಪಿಸಿದೆ, ಆ ಹಕ್ಕಿಗೆ ಕಣ್ಣಿಲ್ಲ ಎಂದು. ಅಮ್ಮ ಅವತ್ತಿನಿಂದ ಪೆಂಡ್ರಿಯವರ ಮನೆಯನ್ನೇ ‘ಕುರುಡು ಕೊಕ್ಕರೆ ಮನೆ’ ಎಂದು ಕರೆಯತೊಡಗಿದಳು.

ಮುಂದಿನ ವಸಂತದಲ್ಲಿ ಒಂದು ದಿನ ಶಾಲೆ ಬೇಗ ಬಿಟ್ಟಿತ್ತು. ಅಪ್ಪ ಪೇಟೆಗೆ ಹೋಗಿದ್ದರು, ಅಮ್ಮ ಲಾಂಡ್ರಿಯಲ್ಲಿ. ದೊಡ್ಡ ಮನೆಯ ಮುಂದೆ ಬಿಳಿಯ ವ್ಯಾನ್ ನಿಂತಿತ್ತು. ಇಬ್ಬರು ಗಂಡಸರು ಹಸಿರು ಬಟ್ಟೆ ಹಾಸಿದ ಮರದ ಪೆಟ್ಟಿಗೆಗಳಲ್ಲಿ ಬೆಳ್ಳಿಯನ್ನು ಇಟ್ಟು ಸಾಗಿಸುತ್ತಿದ್ದರು. ಪೆಂಡ್ರಿಯವರು ನನ್ನನ್ನು ನೋಡಿ ತೆರೆದಿದ್ದ ಪೆಟ್ಟಿಗೆಯೊಂದರ ಮುಚ್ಚಳ ಹಾಕಿದರು. ಆಮೇಲೆ, ಪಾಲಿಶ್ ಮಾಡಿಸಲು ಹೋಗುತ್ತಿವೆ, ಬಾಗಿಲು ಹಿಡಿದುಕೋ ಎಂದರು. ನಾನು ಹಿಡಿದುಕೊಂಡೆ. ಎರಡು ವಾರದ ಮೇಲೆ ಅವು ಬೇರೆ ಥರದ, ರಟ್ಟಿನ ಪೆಟ್ಟಿಗೆಗಳಲ್ಲಿ ವಾಪಸು ಬಂದವು. ಶನಿವಾರ ಸಕ್ಕರೆ ಬಟ್ಟಲು ನನ್ನ ಕೈಗೆ ಬಂತು. ಹೆಬ್ಬೆರಳು ತಾನಾಗಿ ಹಕ್ಕಿಯ ಮೇಲೆ ಹೋಯಿತು. ಪುಕ್ಕಗಳು ಬೆರಳಿಗೆ ತರಿತರಿಯಾಗಿ ಸಿಕ್ಕಿದವು. ಕೊಕ್ಕರೆ ನನ್ನನ್ನೇ ನೋಡುತ್ತಿತ್ತು. ಅದಕ್ಕೆ ಕಣ್ಣಿತ್ತು.

ನಾನು ತಲೆ ಎತ್ತಿದೆ. ಪೆಂಡ್ರಿಯವರು ಬಟ್ಟೆ ಹಿಡಿದ ಕೈ ನಿಲ್ಲಿಸಿ ನನ್ನ ಹೆಬ್ಬೆರಳನ್ನು ನೋಡುತ್ತಿದ್ದರು. ಅವರು ಮಾತಾಡಿದ್ದು ಇಂಗ್ಲಿಷಿನಲ್ಲೇ. ಆದರೆ ಆ ಮನೆಯ ಮಾತೆಲ್ಲವೂ ನನಗೆ ಈಗ ಕನ್ನಡದಲ್ಲೇ ನೆನಪಾಗುತ್ತದೆ, ಏನು ಮಾಡಲಿ.

“ವೀಣಾ, ಇದು ನಮ್ಮಿಬ್ಬರಲ್ಲೇ ಇರಲಿ. ಮಾತು ಕೊಡುತ್ತೀಯಾ?”

ಕೊಟ್ಟೆ. ಜೇಬಿನಿಂದ ಒಂದು ಪೆಪ್ಪರ್‌ಮಿಂಟ್ ತೆಗೆದು ಕೊಟ್ಟರು. ಅಮೆರಿಕದಲ್ಲಿ ನನ್ನನ್ನು ನಂಬಿ ಗುಟ್ಟು ಹೇಳಿದ ಮೊದಲ ಮನುಷ್ಯ ಅವರು. ಶಾಲೆಯಲ್ಲಿ ನನ್ನ ಹೆಸರನ್ನು ಸರಿಯಾಗಿ ಹೇಳುವವರೂ ಇರಲಿಲ್ಲ. ಇಲ್ಲಿ ನೋಡಿದರೆ ಗೋಡೆಯ ಮೇಲಿನ ಮುತ್ತಜ್ಜಂದಿರ ಎದುರಿಗೇ ಒಬ್ಬರು ನನ್ನ ಮಾತು ಕೇಳಿ ಪಡೆದುಕೊಂಡಿದ್ದರು. ನಾನು ಉಬ್ಬಿಹೋದೆ. ಆ ಹಾಳಾದ ಪೆಪ್ಪರ್‌ಮಿಂಟನ್ನು ಚೀಪದೆ ಎಷ್ಟೋ ದಿನ ಪೆನ್ಸಿಲ್ ಡಬ್ಬಿಯಲ್ಲಿ ಇಟ್ಟುಕೊಂಡಿದ್ದೆ.

ಆಗಸ್ಟಿನಲ್ಲಿ ವರಮಹಾಲಕ್ಷ್ಮಿ ಬಂತು. ಅಮ್ಮನ ಬೆಳ್ಳಿ ಚೆಂಬು ಮೈಸೂರಿನಲ್ಲಿ ಅಜ್ಜಿಯ ಪೆಟ್ಟಿಗೆಯಲ್ಲಿತ್ತು. ಇಲ್ಲಿಗೆ ಬಂದ ಮೇಲೆ ಸ್ಟೀಲ್ ಚೆಂಬಿನಲ್ಲೇ ಕಳಶ ಇಡುತ್ತಿದ್ದಳು. ಆ ವರ್ಷ ಪ್ರಿನ್ಸ್‌ಟನ್ ಕಡೆಯಿಂದ ಮೂವರು ಕನ್ನಡದ ಆಂಟಿಯರು ಅರಿಶಿನ ಕುಂಕುಮಕ್ಕೆ ಬರುವುದೆಂದಾಗಿತ್ತು. ಅವರ ಗಂಡಂದಿರಿಗೆಲ್ಲ ಆಫೀಸು, ಸ್ವಂತ ಮನೆ. ಗ್ಯಾರೇಜಿನ ಮೇಲೆ, ಸ್ಟೀಲ್ ಚೆಂಬಿನ ಮುಂದೆ ಅವರನ್ನು ಕೂರಿಸಬೇಕಲ್ಲ ಎಂದು ಅಮ್ಮ ಒಂದು ವಾರ ಕೊರಗಿದಳು. ನಾನು ಹೋಗಿ ಅದನ್ನು ಪೆಂಡ್ರಿಯವರ ಮುಂದೆ ಒದರಿದೆ. ಮರುದಿನ ಅವರೇ ಸಕ್ಕರೆ ಬಟ್ಟಲನ್ನು ಬಟ್ಟೆಯಲ್ಲಿ ಸುತ್ತಿಕೊಂಡು ಗ್ಯಾರೇಜಿನ ಮೆಟ್ಟಿಲು ಹತ್ತಿ ಬಂದರು. ಅದುವರೆಗೆ ಅವರು ನಮ್ಮ ಮನೆಗೆ ಬಂದವರೇ ಅಲ್ಲ. ಲಲಿತಾ, ನಿಮ್ಮ ದೇವಿಗೆ ಇದು ಆಗಬಹುದೇ ಎಂದು ಅಮ್ಮನನ್ನು ಕೇಳಿದರು. ಅಮ್ಮ ಸೆರಗು ಹೊದ್ದು, ಎರಡೂ ಕೈ ಚಾಚಿ ತೆಗೆದುಕೊಂಡಳು. ಅವಳ ಕಣ್ಣು ತುಂಬಿದ್ದನ್ನು ನಾನು ನೋಡಿದೆ. ಆ ಮನುಷ್ಯನ ಬಗ್ಗೆ ಏನೇನೋ ಅಂದುಬಿಟ್ಟಿದ್ದೆ ಎಂದು ಅಪ್ಪನ ಹತ್ತಿರ ಹೇಳಿಕೊಂಡಳಂತೆ.

ಅಷ್ಟಾದರೂ ಅನುಮಾನ ಬಿಡಲಿಲ್ಲ. ಆ ಬಟ್ಟಲಿಗೆ ಸಕ್ಕರೆಯೊಂದೇ ಮುಟ್ಟಿದೆ ಎಂದು ಏನು ಗ್ಯಾರಂಟಿ? ಎಷ್ಟೋ ಮಾಂಸದೂಟದ ಮೇಜಿನ ಮೇಲೆ ಕೂತು ಬಂದ ಪಾತ್ರೆ. ಮೆತ್ತನೆ ಬಟ್ಟೆಯಲ್ಲಿ ಒರೆಸಿದರೆ ಶುದ್ಧವಾಗುತ್ತದೆಯೇ? ಬೆಳ್ಳಿಗೆ ವಿಭೂತಿ ಸಾಕು. ಎಂಜಲ ಪಾತ್ರೆಗೆ ಸಾಲದು ಎಂದು ಅವಳು ಹುಣಿಸೇಹಣ್ಣು, ಉಪ್ಪು, ತೆಂಗಿನ ನಾರು ಹಿಡಿದು ಕೂತಳು. ಹಿತ್ತಾಳೆಯ ಹಂಡೆ ಬೆಳಗುವ ಕೈ ಅದು. ಮೊದಲನೇ ಸುತ್ತಿಗೆ ಬಟ್ಟಲು ಥಳಥಳ ಹೊಳೆಯಿತು. ಎರಡನೆಯದಕ್ಕೆ ನಾರು ನಿಂತಿತು.

“ಪುಟ್ಟಿ, ಕಣ್ಣಿಲ್ಲ ಅಂತಿದ್ದೆ. ಇದೆಯಲ್ಲೇ.”

ನಾನು ಪುಸ್ತಕದಿಂದ ತಲೆಯೆತ್ತದೆ ‘ಐ ಡೋಂಟ್ ನೋ’ ಎಂದೆ. ಅಮ್ಮ ಕನ್ನಡದಲ್ಲಿ ಕೇಳಿದ್ದಕ್ಕೆ ಇಂಗ್ಲಿಷಿನಲ್ಲಿ ಉತ್ತರ ಕೊಡುವುದು ಆಗಿನ್ನೂ ನನಗೆ ಹೊಸ ಚಟ. ಅದರ ಹಿಂದೆ ಏನನ್ನು ಬೇಕಾದರೂ ಬಚ್ಚಿಡಬಹುದಿತ್ತು. ಅಮ್ಮ ಇನ್ನೊಂದು ಸುತ್ತು ಉಜ್ಜಿದಳು. ಹಕ್ಕಿಯ ರೆಕ್ಕೆಯ ಪಕ್ಕದಲ್ಲಿ ಬಿಳುಪು ಕಿತ್ತುಬಂದು, ರೂಪಾಯಿ ನಾಣ್ಯದಷ್ಟು ಅಗಲಕ್ಕೆ ಕೆಂಪಗೆ ತಾಮ್ರ ಕಂಡಿತು.

ಮನೆಯಲ್ಲಿ ಸಾವಾದ ಹಾಗೆ ಆಯಿತು. ಬೆಳ್ಳಿ ಎಷ್ಟು ಉಜ್ಜಿದರೂ ಬೆಳ್ಳಿಯೇ, ಇದು ತಾಮ್ರಕ್ಕೆ ಬೆಳ್ಳಿಯ ನೀರು ಕೊಟ್ಟದ್ದು ಎಂದು ಅಮ್ಮ. ಅದನ್ನು ಯಾರು ನಂಬುತ್ತಾರೆ, ನಾವೇ ಬದಲಾಯಿಸಿದೆವು ಎಂದರೆ ಏನು ಮಾಡುತ್ತೀ ಎಂದು ಅಪ್ಪ. ಅಮ್ಮನಿಗೆ ಭಯವಾದದ್ದನ್ನು ನಾನು ಅವತ್ತೇ ಮೊದಲು ನೋಡಿದ್ದು. ಹೊಡೆದು ಓಡಿಸಿದರೆ ಇನ್ನೊಂದು ಮನೆ ಸಿಗುತ್ತದೆ, ಕಳ್ಳಿ ಅನ್ನಿಸಿಕೊಂಡರೆ ಎಲ್ಲಿಗೆ ಹೋಗುವುದು ಎಂದಳು. ಆ ಆಂಟಿಯರ ಪೈಕಿ ಒಬ್ಬರಿಗೆ ಗೊತ್ತಾದರೂ ಸಾಕಿತ್ತು, ಇಲ್ಲಿಂದ ಮೈಸೂರಿನವರೆಗೆ ಸುದ್ದಿ. ನಾನು ಬಾಯಿ ಬಿಟ್ಟಿದ್ದರೆ ಆ ಭಯ ಅಲ್ಲಿಗೇ ಮುಗಿಯುತ್ತಿತ್ತು. ಬಿಡಲಿಲ್ಲ. ಕೆಂಪು ಕಲೆಯ ಮೇಲೆ ಅಮ್ಮ ದಪ್ಪವಾಗಿ ಅರಿಶಿನ ಬಳಿದು, ರವಿಕೆ ಕಣ ಸುತ್ತಿ, ಪೂಜೆ ಮುಗಿಸಿದಳು. ಎಷ್ಟು ಲಕ್ಷಣವಾಗಿದೆ ನಿಮ್ಮ ಕಳಶ ಎಂದು ಮೂವರೂ ಹೊಗಳಿದರು. ಅಮ್ಮ ಅವರಿಗೆ ಎಲೆ ಅಡಿಕೆ ಕೊಡುವಾಗಲೂ ಕಳಶಕ್ಕೆ ಅಡ್ಡವಾಗಿಯೇ ನಿಂತಿದ್ದಳು.

ಮರುದಿನ ಬೆಳಿಗ್ಗೆಯೇ ಬಟ್ಟಲನ್ನು ತೆಗೆದುಕೊಂಡು ಹೋಗಿ ಪೆಂಡ್ರಿಯವರಿಗೆ ಕಲೆ ತೋರಿಸಿ, ಉಜ್ಜಿದ್ದು ತಾನೇ ಎಂದು ಒಪ್ಪಿಕೊಂಡಳು. ಅವರು ಕಿಟಕಿಯ ಬೆಳಕಿಗೆ ಹಿಡಿದು ನೋಡಿದರು. ಹಳೆಯ ಸಾಮಾನು ಹೀಗೇ, ಮನಸ್ಸಿಗೆ ಹಚ್ಚಿಕೊಳ್ಳಬೇಡಿ, ನನ್ನ ಅಕ್ಕನಿಗೆ ಮಾತ್ರ ಹೇಳುವುದು ಬೇಡ ಎಂದರು. ತಾವೇ ಅದನ್ನು ಬೀರುವಿನಲ್ಲಿಟ್ಟು, ಕಲೆಯನ್ನು ಗೋಡೆಯ ಕಡೆ ತಿರುಗಿಸಿ ಬೀಗ ಹಾಕಿದರು. ಅಪ್ಪ ನಿಟ್ಟುಸಿರು ಬಿಟ್ಟು, ನೋಡಿದೆಯಾ ದೊಡ್ಡತನ ಎಂದರು. ಅಕ್ಕನಿಗೆ ಯಾಕೆ ಹೇಳಬಾರದು ಎಂದು ಅಮ್ಮ ಕೇಳಿದ್ದಕ್ಕೆ ಅಪ್ಪ ಬಾಯ್ಲರ್ ನೋಡಬೇಕೆಂದು ಎದ್ದು ಹೋದರು. ಆ ಪ್ರಶ್ನೆಯನ್ನು ಅವಳು ಮೂರು ತಿಂಗಳು ಹೊತ್ತುಕೊಂಡು ತಿರುಗಿದಳು.

ಅಕ್ಕ, ಮಿಸ್ ಪೆಂಡ್ರಿ, ಮದುವೆಯಾಗದೆ ನ್ಯೂಯಾರ್ಕಿನಲ್ಲಿ ಒಬ್ಬರೇ ಇದ್ದವರು. ನವೆಂಬರಿನ ಥ್ಯಾಂಕ್ಸ್‌ಗಿವಿಂಗ್ ಹಬ್ಬಕ್ಕೆ ವರ್ಷಕ್ಕೊಂದು ಸಲ ಬರುವರು. ಮಧ್ಯಾಹ್ನದ ಊಟ ಮುಗಿದ ಮೇಲೆ ಅಜ್ಜಿಯ ಟೀ ಸೆಟ್ಟನ್ನು ಹೊರಗೆ ತೆಗೆದು, ಮನೆಯ ಹಿರಿಯ ಹೆಂಗಸು ಕೈಯಾರೆ ಎಲ್ಲರಿಗೂ ಚಹಾ ಬಗ್ಗಿಸಿ ಕೊಡುವುದು ಆ ಮನೆತನದ ಪದ್ಧತಿ. ಎಸ್ಟೇಟಿನಲ್ಲಿ ಇರುವವರನ್ನೂ ಅದಕ್ಕೆ ಕರೆಯಬೇಕು. ಹಿಂದಿನ ಕಾಲದಲ್ಲಿ ತೋಟದವರು, ಗಾಡಿಯವರು ಇದ್ದರಂತೆ. ಈಗ ಉಳಿದಿದ್ದವರು ನಾವೇ. ಅಮ್ಮ ಮದುವೆಯ ರೇಷ್ಮೆ ಸೀರೆ ಉಟ್ಟು, ಇದ್ದ ನಾಲ್ಕು ಬಳೆ, ಅವಲಕ್ಕಿ ಸರ ಹಾಕಿಕೊಂಡು ಬಂದಿದ್ದಳು. ಅಪ್ಪ ಟೈ ಕಟ್ಟಿದ್ದರು. ಮುತ್ತಜ್ಜಂದಿರ ಕೆಳಗೆ ನಾವು ಮೂವರೂ ಬೆನ್ನು ನೆಟ್ಟಗೆ ಮಾಡಿ ಕೂತೆವು.

ಮಿಸ್ ಪೆಂಡ್ರಿ ಕೆಟಲು ಎತ್ತಿ ಬಗ್ಗಿಸಿದರು, ಹಾಲು ಹಾಕಿದರು. ಸಕ್ಕರೆ ಬಟ್ಟಲನ್ನು ಅಂಗೈಯಲ್ಲಿ ತೆಗೆದುಕೊಂಡಾಗ ಅವರ ಹೆಬ್ಬೆರಳು ಹಕ್ಕಿಯನ್ನು ಹುಡುಕಿಕೊಂಡು ಹೋಯಿತು. ಆ ಬೆರಳು ಅಲ್ಲೇ ನಿಂತಿತು, ಮತ್ತೊಮ್ಮೆ ಸವರಿತು. ಅವರು ಕನ್ನಡಕ ಏರಿಸಿ, ಬಟ್ಟಲನ್ನು ತಿರುಗಿಸಿ, ಕೆಂಪು ಕಲೆಯನ್ನು ಕಂಡು, ಇದು ಅಜ್ಜಿಯ ಬಟ್ಟಲಲ್ಲ ಎಂದರು. ತಮ್ಮನನ್ನು ನೋಡಿದರು. ಪೆಂಡ್ರಿಯವರು ಕಪ್ಪಿನಲ್ಲಿ ಚಮಚ ತಿರುಗಿಸುತ್ತಿದ್ದರು. ಇನ್ನೂ ಸಕ್ಕರೆಯನ್ನೇ ಹಾಕಿಕೊಳ್ಳದ ಚಹಾ.

“ಆಗಸ್ಟಿನಲ್ಲಿ ಅದು ಲಲಿತಾಳ ಮನೆಯಲ್ಲಿತ್ತು.”

ಅಷ್ಟೇ. ಅದರಲ್ಲಿ ಒಂದಕ್ಷರ ಸುಳ್ಳಿಲ್ಲ. ನಾಲ್ಕು ತಲೆಮಾರು ಬ್ಯಾಂಕು ನಡೆಸಿದವರಿಗೆ ಎಲ್ಲಿ ಮಾತು ನಿಲ್ಲಿಸಬೇಕು ಎಂದು ಗೊತ್ತಿರುತ್ತದೆ. ಇಂದಿಗೂ ನನಗೆ ಬಗೆಹರಿಯದ ಸಂಗತಿ ಒಂದಿದೆ. ಆಗಸ್ಟಿನಲ್ಲಿ ಅವರು ಮೆಟ್ಟಿಲು ಹತ್ತಿ ಬಂದದ್ದು ನಮ್ಮ ಹಬ್ಬಕ್ಕಾಗಿಯೋ, ನವೆಂಬರಿನ ಈ ಒಂದು ವಾಕ್ಯಕ್ಕಾಗಿಯೋ? ಒಂದು ದಿನ ಹೀಗೆನ್ನಿಸುತ್ತದೆ, ಇನ್ನೊಂದು ದಿನ ಹಾಗೆ. ಅಂದು ಅಪ್ಪ ಎದ್ದು ನಿಂತರು. ಕಿವಿಯೆಲ್ಲ ಕೆಂಪಾಗಿತ್ತು, ಇಂಗ್ಲಿಷು ಬಾಯಿಗೆ ಬರಲೊಲ್ಲದು. ಮಿಸ್ ಪೆಂಡ್ರಿಯ ಕಣ್ಣು ಅಮ್ಮನ ಬಳೆಗಳ ಮೇಲೆ, ಆಮೇಲೆ ಸರದ ಮೇಲೆ ನಿಧಾನವಾಗಿ ಹರಿದಾಡಿತು. ಅಮ್ಮ ಪೆಂಡ್ರಿಯವರನ್ನೇ ನೋಡುತ್ತಿದ್ದಳು. ಉಳಿದದ್ದನ್ನೂ ಹೇಳುತ್ತಾರೆ ಎಂದು ಕಾಯುತ್ತಿದ್ದಳು. ಕಲೆ ತೋರಿಸಿದ್ದು, ಪರವಾಗಿಲ್ಲ ಎಂದದ್ದು, ಅದನ್ನಾದರೂ. ಚಮಚ ತಿರುಗುತ್ತಲೇ ಇತ್ತು. ಆಗ ಅಮ್ಮ ನನ್ನ ಕಡೆ ತಿರುಗಿದಳು. ಕೋಪವಲ್ಲ, ಕೇಳಿಕೊಳ್ಳುವಂಥ ನೋಟ. ಬಿಳಿಯ ವ್ಯಾನು, ಹಸಿರು ಬಟ್ಟೆಯ ಪೆಟ್ಟಿಗೆ, ಅಳಿಸಿದ ಕಣ್ಣು, ಎಲ್ಲ ನನ್ನ ನಾಲಿಗೆಯ ತುದಿಯಲ್ಲಿತ್ತು. ಪೆಂಡ್ರಿಯವರು ಅದೇ ಹೊತ್ತಿಗೆ ಕಣ್ಣೆತ್ತಿ ನನ್ನನ್ನು ನೋಡಿದರು. ಮಾತು ಕೊಟ್ಟಿದ್ದೆನಲ್ಲ. ನಾನು ತಲೆ ತಗ್ಗಿಸಿ ನನ್ನ ಬೂಟಿನ ಲೇಸು ನೋಡಿದೆ.

“ರೀ, ಕೂತ್ಕೊಳ್ಳಿ,” ಎಂದು ಅಪ್ಪನಿಗೆ ಹೇಳಿ ಅಮ್ಮ ಹೊರಗೆ ಹೋದಳು. ಅವಳು ಹುಲ್ಲುಹಾಸು ದಾಟಿ, ನೆರಿಗೆ ಎತ್ತಿ ಹಿಡಿದು, ಗ್ಯಾರೇಜಿನ ಮೆಟ್ಟಿಲು ಹತ್ತುವುದು ಕಿಟಕಿಯಿಂದ ಕಾಣಿಸಿತು. ಅಳಲು ಹೋದಳು ಎಂದುಕೊಂಡೆ. ಚಹಾ ಆರುವ ಮೊದಲೇ ವಾಪಸು ಬಂದಳು. ಕೈಯಲ್ಲಿ ಸ್ಟೀಲ್ ಬಟ್ಟಲು, ಅದರೊಳಗೆ ನೆನೆಸಿದ ಹುಣಿಸೇಹಣ್ಣು, ಒಂದು ಉಂಡೆ ತೆಂಗಿನ ನಾರು. ನೇರವಾಗಿ ಮಿಸ್ ಪೆಂಡ್ರಿಯ ಮುಂದೆ ಹೋಗಿ ನಿಂತು, ತನ್ನ ಪುಟ್ಟ ಪುಟ್ಟ ಇಂಗ್ಲಿಷ್ ವಾಕ್ಯಗಳಲ್ಲಿ ಕೆಟಲನ್ನು ತೋರಿಸಿ ಕೇಳಿದಳು.

“ಇದು ನನ್ನ ಮನೆಗೆ ಬಂದಿತ್ತಾ?”

“ಇಲ್ಲ. ಅದು ಬೀರುವಿನಿಂದ ಹೊರಗೆ ಬರುವುದು ಇವತ್ತೊಂದೇ ದಿನ.”

“ಹಾಗಾದರೆ ನೀವೇ ಹಿಡಿದುಕೊಳ್ಳಿ. ಕೈ ಬಿಡಬೇಡಿ.”

ಆ ಹೆಂಗಸಿನ ಬಗ್ಗೆ ನನಗೆ ಇವತ್ತಿಗೂ ಗೌರವವಿದ್ದರೆ ಇದಕ್ಕೇ. ಅವರು ಚಹಾವನ್ನು ಹೂದಾನಿಗೆ ಸುರಿದು, ಮುತ್ತಿನ ಗುಂಡಿಯ ತೋಳು ಮಡಚಿ, ಕೆಟಲನ್ನು ಎರಡೂ ಕೈಯಲ್ಲಿ ಗಟ್ಟಿಯಾಗಿ ಹಿಡಿದರು. ಅಮ್ಮ ಉಜ್ಜತೊಡಗಿದಳು. ಅವಳ ಬಳೆ ಕೆಟಲಿಗೆ ತಾಗಿ ಟಣಟಣ ಎನ್ನುತ್ತಿತ್ತು. ಹುಳಿನೀರು ರೇಷ್ಮೆ ಸೀರೆಯ ಮೇಲೆ, ಬಿಳಿಯ ಮೇಜುಬಟ್ಟೆಯ ಮೇಲೆ ಹಾರಿತು. ಯಾರೂ ಬೇಡ ಎನ್ನಲಿಲ್ಲ. ಎಷ್ಟು ಹೊತ್ತೋ ಗೊತ್ತಿಲ್ಲ, ನನಗಂತೂ ಮುಗಿಯಲಾರದೆನ್ನಿಸಿತು. ಆಮೇಲೆ ಕೊಕ್ಕರೆಯ ಕಾಲ ಬುಡದಲ್ಲಿ ಮೊದಲು ಒಂದು ಕೆಂಪು ಗೆರೆ, ಅದು ಅಗಲವಾಗಿ ಅಂಗೈಯಷ್ಟು ತಾಮ್ರ. ಅಮ್ಮ ಹಾಲಿನ ಜಗ್ಗಿಗೆ ಕೈ ಹಾಕಿದಳು. ಮಿಸ್ ಪೆಂಡ್ರಿ, ಸಾಕು ಎಂದರು. ತಮ್ಮನ ಕಡೆ ತಿರುಗಿ ಒಂದೇ ಮಾತು ಕೇಳಿದರು.

“ಎಲ್ಲವೂ ಮಾರಾಟವಾಯಿತೇ?”

“ಎಲ್ಲವೂ,” ಎಂದರು ಪೆಂಡ್ರಿಯವರು.

ಅಮ್ಮ ಗೆದ್ದೆ ಎಂಬಂತೆ ಯಾರನ್ನೂ ನೋಡಲಿಲ್ಲ. ಸೆರಗಿನಲ್ಲಿ ಕೈ ಒರೆಸಿಕೊಂಡು, ಸ್ಟೀಲ್ ಬಟ್ಟಲು ಎತ್ತಿಕೊಂಡು, ನಡೀರಿ ಎಂದು ನಮ್ಮನ್ನು ಎಬ್ಬಿಸಿಕೊಂಡು ಬಂದಳು. ಮೆಟ್ಟಿಲು ಹತ್ತಿದ ಮೇಲೆ ಬಾಗಿಲು ಹಾಕಿ, ಸೀರೆಯ ಕಲೆಯನ್ನು ತೊಳೆಯುತ್ತಾ ಅತ್ತಳು. ಅಪ್ಪ ಪಕ್ಕದಲ್ಲಿ ನಿಂತು ನೀರು ಹಾಕುತ್ತಿದ್ದರು. ನಾನು ಹತ್ತಿರ ಹೋದೆ. ಅಮ್ಮ ನನ್ನನ್ನು ದೂಡಲೂ ಇಲ್ಲ, ಹತ್ತಿರ ಎಳೆದುಕೊಳ್ಳಲೂ ಇಲ್ಲ.

ನಮ್ಮನ್ನು ಯಾರೂ ಹೋಗಿ ಎನ್ನಲಿಲ್ಲ. ಮಿಸ್ ಪೆಂಡ್ರಿ ಮರುದಿನ ಬಂದು ಕ್ಷಮೆ ಕೇಳಿದರು, ಇಲ್ಲೇ ಇರಿ ಎಂದರು. ಅಮ್ಮ ಒಪ್ಪಲಿಲ್ಲ. ಡಿಸೆಂಬರಿನಲ್ಲಿ ಅಪ್ಪ ವೆಸ್ಟ್ ವಿಂಡ್ಸರಿನ ಹತ್ತಿರ ಕೆಲಸ ಹಿಡಿದರು, ಸ್ಟೇಷನ್ನಿಗೆ ಸಮೀಪದ ಒಂದು ಅಪಾರ್ಟ್‌ಮೆಂಟಿಗೆ ಸಾಮಾನು ಸಾಗಿಸಿದೆವು. ಹೊರಡುವ ದಿನವೂ ಅಮ್ಮ ಮೊಸರನ್ನ ಕಲಸಿ ಡಬ್ಬಿಗೆ ಹಾಕಿ ನನ್ನ ಕೈಗೆ ಕೊಟ್ಟಳು. ಹೊಟ್ಟೆಹುಣ್ಣಿನ ಮನುಷ್ಯ, ಉಪವಾಸ ಇರುತ್ತಾರೆ ಎಂದಷ್ಟೇ ಹೇಳಿದಳು. ಪೆಂಡ್ರಿಯವರು ಊಟದ ಕೋಣೆಯಲ್ಲಿ ಖಾಲಿ ಬೀರುವಿನ ಎದುರು ಕೋಟು ಹಾಕಿಕೊಂಡು ಕೂತಿದ್ದರು. ಡಬ್ಬಿಯನ್ನು ಮುಟ್ಟಿ, ಇನ್ನೂ ಬೆಚ್ಚಗಿದೆ ಎಂದರು. ನಾನು ಹೊರಡುವಾಗ ಕರೆದು ನಿಲ್ಲಿಸಿದರು.

“ಈ ಮನೆಯಲ್ಲಿ ಮಾತು ಉಳಿಸಿಕೊಂಡವಳು ನೀನೊಬ್ಬಳೇ, ವೀಣಾ.”

ಹೊಗಳಿಕೆ ಎಂದೇ ಹೇಳಿದರು. ಪಾಪ, ಅವರಿಗೆ ಅದಕ್ಕಿಂತ ದೊಡ್ಡ ಹೊಗಳಿಕೆ ಗೊತ್ತಿರಲಿಕ್ಕಿಲ್ಲ. ನಾನು ಹುಲ್ಲುಹಾಸಿನ ನಡುವೆ ನಿಂತು, ಹೆಗಲ ಮೇಲಿದ್ದ ಶಾಲೆಯ ಚೀಲದ ಪೆನ್ಸಿಲ್ ಡಬ್ಬಿಯಿಂದ ಪೆಪ್ಪರ್‌ಮಿಂಟನ್ನು ತೆಗೆದು ಹಿಮದೊಳಗೆ ಎಸೆದೆ. ಅಂದಿನಿಂದ ನಾನು ಯಾರ ಗುಟ್ಟನ್ನೂ ಇಟ್ಟುಕೊಳ್ಳುವುದಿಲ್ಲ. ನನ್ನ ಜೊತೆ ಕೆಲಸ ಮಾಡುವವರಿಗೆ ಇದು ಗೊತ್ತು, ನನ್ನನ್ನು ಕಂಡರೆ ಅವರು ಮಾತು ಬದಲಾಯಿಸುತ್ತಾರೆ. ಯಾರಾದರೂ ಅಕ್ಕರೆಯಿಂದ ಏನನ್ನಾದರೂ ಕೊಟ್ಟರೆ ಇದು ಯಾಕೆ, ಇದರ ಹಿಂದೆ ಏನಿದೆ ಎಂದು ನಾನು ತಿರುಗಿಸಿ ತಿರುಗಿಸಿ ನೋಡುತ್ತೇನೆ. ಗಂಡ ಕೊಟ್ಟದ್ದನ್ನೂ. ಅಮ್ಮನ ಹತ್ತಿರ ಮಾತ್ರ ಆ ವಿಷಯ ಎತ್ತಲಿಲ್ಲ. ಅವಳಿಗೆ ಗೊತ್ತಿಲ್ಲ ಎಂದುಕೊಂಡಿದ್ದೆ. ಗೊತ್ತಿಲ್ಲದಿರಲಿ ಎಂದು ಆಸೆ ಪಟ್ಟಿದ್ದೆ ಎನ್ನುವುದೇ ಸರಿ.

ಕಳೆದ ಶ್ರಾವಣದಲ್ಲಿ ಅವಳಿಗೆ ಒಂದು ಬೆಳ್ಳಿಯ ಕುಂಕುಮ ಭರಣಿ ತೆಗೆದುಕೊಂಡು ಹೋದೆ. ನಾನೇ ಪರೀಕ್ಷೆ ಮಾಡಿ ಆರಿಸಿದ್ದು. ಅಪ್ಪ ಹೋದ ಮೇಲೆ ಕುಂಕುಮದ ಭರಣಿ ಯಾಕೆ ಎನ್ನುತ್ತಾಳೇನೋ ಎಂದು ಹೆದರಿದ್ದೆ. ಹಾಗೇನೂ ಅನ್ನಲಿಲ್ಲ, ದೇವರಿಗಾಯಿತು ಎಂದಳು. ಆಮೇಲೆ ಹುಣಿಸೇಹಣ್ಣು ಕೇಳಿದಳು. ಅವತ್ತು ಯಾಕೋ ನನಗೆ ತಡೆಯಲಾಗಲಿಲ್ಲ. ಬೇರೆಯವರು ತಂದದ್ದನ್ನೆಲ್ಲ ಹಾಗೇ ಇಟ್ಟುಕೊಳ್ಳುತ್ತೀಯ, ನಾನು ತಂದದ್ದನ್ನು ಮಾತ್ರ ಯಾಕೆ ಉಜ್ಜುತ್ತೀಯ ಎಂದು ಸಿಡುಕಿದೆ. ಅಮ್ಮ ನಲ್ಲಿ ನಿಲ್ಲಿಸಿದಳು. ನನ್ನ ಕಡೆ ತಿರುಗಲಿಲ್ಲ.

“ಆ ಹಕ್ಕಿಗೆ ಕಣ್ಣಿಲ್ಲ ಅಂತ ಹೇಳಿದ್ದೇ ನೀನು, ಪುಟ್ಟಿ. ಇದೆಯಲ್ಲೇ ಅಂದಾಗ ನೀನು ತಲೆ ಎತ್ತಲಿಲ್ಲ. ನಿಂಗೆ ಗೊತ್ತಿತ್ತು.”

ನಾನು ಐವತ್ತು ದಾಟಿದ ಹೆಂಗಸು. ಬಾಯಿಗೆ ಬಂದದ್ದು ಅದೇ ‘ಐ ಡೋಂಟ್ ನೋ’. ಅದನ್ನು ನುಂಗಿಕೊಂಡೆ.

“ಹೂಂ ಅಮ್ಮ. ಗೊತ್ತಿತ್ತು.”

ಅಮ್ಮ ಮತ್ತೆ ನಲ್ಲಿ ತಿರುಗಿಸಿದಳು. ನಾರನ್ನು ಭರಣಿಗೆ ಹಚ್ಚಲಿಲ್ಲ. ಬರೀ ನೀರಲ್ಲಿ ಜಾಲಿಸಿ, ಸೆರಗಿನಲ್ಲಿ ಒರೆಸಿ, ದೇವರ ಗೂಡಿನಲ್ಲಿ ಇಟ್ಟಳು. ನೆನೆಸಿದ ಹುಣಿಸೇಹಣ್ಣು ಹಾಗೇ ಉಳಿದಿತ್ತು. ರಾತ್ರಿ ಅದರಲ್ಲೇ ಸಾರು ಮಾಡಿದೆವು.